ಎದೆಗೆ ಕಿವಿಯಿಟ್ಟವಳು

"ಕೊನೆಗೂ ನನ್ನ ಮಗನ ಎದೆ ಕೊಯ್ಯಿಸಿಬಿಟ್ಟೆಯಲ್ಲೇ, ಮಹಾತಾಯಿ! ಏನಂದ್ರು ಡಾಕ್ಟರು? ಸಿಕ್ಕಿತಂತಾ ಅದರೊಳಗೆ ಏನಾದ್ರೂ?"

ಬರೋಡಾದ ಆಸ್ಪತ್ರೆಯಿಂದ ಬಂದ ವೇದಾ ಇನ್ನೂ ಹೊಸ್ತಿಲು ದಾಟಿರಲಿಲ್ಲ. ಕೊಯಾಲಿಯಲ್ಲಿ ಹೊಸದಾಗಿ ಎದ್ದ ರಿಫೈನರಿಯ ಕ್ವಾರ್ಟರ್ಸು ಅದು. ಬಾಗಿಲಿಗೆ ಅಡ್ಡ ನಿಂತಿದ್ದರು ಅತ್ತೆ ಕಾಮಾಕ್ಷಮ್ಮ. ಮದುವೆಯಾಗಿ ವರ್ಷ ತುಂಬುವ ಮೊದಲೇ ಗಂಡ ಪಟ್ಟಾಭಿರಾಮ ಕೆಲಸಕ್ಕೆ ಹೋದವನು ಅಲ್ಲೇ ಕುಸಿದು ಪ್ರಾಣ ಬಿಟ್ಟಿದ್ದ. ಇಪ್ಪತ್ತೇಳರ ಗಂಡಸು, ಒಂದು ದಿನ ನೆಗಡಿ ಎಂದು ಮಲಗಿದವನಲ್ಲ! ಸೊಸೆಯ ಕಾಲ್ಗುಣ ಎಂದು ಅತ್ತೆ ಅಂದೇ ತೀರ್ಪು ಕೊಟ್ಟಾಗಿತ್ತು. ನಿಜ ತಿಳಿಯಲೇಬೇಕೆಂಬ ಹಟಕ್ಕೆ ವೇದಾ ಪೋಸ್ಟ್‌ಮಾರ್ಟಮ್‌ಗೆ ಒಪ್ಪಿದ್ದಳು.

ನಿಜ ಇಂದು ತಿಳಿದಿತ್ತು. ಚಿಕ್ಕಂದಿನಲ್ಲಿ ಕೀಲುಗಳಿಗೆ ಬಂದ ಜ್ವರ ಒಳಗೊಳಗೇ ಹೃದಯದ ಕವಾಟವನ್ನು ತಿಂದುಹಾಕಿದೆ ಎಂದು ಗುಜರಾತಿ ಡಾಕ್ಟರು ಹಿಂದಿಯಲ್ಲಿ ಬಿಡಿಸಿ ಹೇಳಿದ್ದರು. "ಎದೆಗೆ ಕಿವಿ ಇಟ್ಟಿದ್ದರೂ ಸಾಕಿತ್ತು ಬೆಹೆನ್, ಪ್ರತಿ ಬಡಿತದ ಹಿಂದೆ ಸುಯ್ ಎಂದು ಕೇಳಿಸುತ್ತಿತ್ತು. ಯಾರೂ ಕೇಳಲೇ ಇಲ್ಲವೇ?"

ಅಯ್ಯೋ, ಕೇಳಿದ್ದಳಲ್ಲ! ಅವನ ಎದೆಯ ಮೇಲೆ ತಲೆಯಿಟ್ಟಾಗಲೆಲ್ಲ ಆ ಸುಯ್ಲನ್ನು ಕೇಳಿದ್ದಳು. ಗಂಡಸರ ಎದೆ ಹೀಗೇ ಇರುತ್ತದೇನೋ ಎಂದುಕೊಂಡು, ಅದನ್ನೇ ಜೋಗುಳ ಮಾಡಿಕೊಂಡು ನಿದ್ದೆ ಹೋಗಿದ್ದಳು... ಬಸ್ಸಿನ ಕಿಟಕಿಯ ಗಾಳಿಯಲ್ಲೂ ಅದೇ ಸದ್ದು. ಈಗ ಅಡುಗೆಮನೆಯ ಸ್ಟವ್ವಿನಲ್ಲೂ ಅದೇ!

ಕಾಮಾಕ್ಷಮ್ಮ ಇದ್ದಕ್ಕಿದ್ದಂತೆ ದನಿ ತಗ್ಗಿಸಿದರು.

"ವೇದಾ... ಒಂದು ಕೇಳ್ತೀನಿ, ನಿಜ ಹೇಳು. ಹನ್ನೆರಡು ವರ್ಷದವನಿದ್ದಾಗ ಮಂಡಿ ಊದಿ ಜ್ವರ ಬಂದಿತ್ತು ಕಣೇ. ತಿಂಗಳಿಗೊಂದು ಸೂಜಿ, ತಪ್ಪಿಸಬೇಡಿ ಅಂದಿದ್ರು. ಮಗು ಚೀರಿಕೊಳ್ಳೋದು... ನೋಡಕ್ಕಾಗದೆ ನಾನೇ ನಿಲ್ಲಿಸಿಬಿಟ್ಟೆ. ಚೆನ್ನಾಗೇ ಓಡಾಡಿಕೊಂಡಿದ್ನಲ್ಲ! ಅದಕ್ಕೂ ಇದಕ್ಕೂ... ಏನೂ ಇಲ್ಲ ತಾನೆ?"

ಗೆಲ್ಲುವುದಕ್ಕೆ ವೇದಾಳಿಗೆ ಒಂದು ಮಾತು ಸಾಕಿತ್ತು. ನಾಲಗೆಯ ತುದಿಗೂ ಬಂತು. ಆದರೆ ಬಾಗಿಲನ್ನು ಹಿಡಿದಿದ್ದ ಆ ಮುದಿ ಕೈ ಈಗ ಅವಳ ಸೆರಗನ್ನು ಹಿಡಿದುಕೊಂಡಿತ್ತು. ತಾನೂ ಕೇಳಿಸಿಕೊಂಡು ಸುಮ್ಮನಿದ್ದವಳೇ ಅಲ್ಲವೇ? ಅತ್ತೆಗಾಗಿ ಅವಳ ಕರುಳು ಚುರುಕ್ ಎಂದದ್ದು ಅದೇ ಮೊದಲು.

"ಏನೂ ಇಲ್ಲ ಅತ್ತೆ. ಆ ಜ್ವರಕ್ಕೂ ಇದಕ್ಕೂ ಸಂಬಂಧವೇ ಇಲ್ವಂತೆ. ಕಾರಣವೇ ಸಿಗಲಿಲ್ವಂತೆ."

ಕಾಮಾಕ್ಷಮ್ಮ ನಿಡಿದಾದ ಉಸಿರುಬಿಟ್ಟರು. ಸೆರಗಿನಿಂದ ಕಣ್ಣೊರೆಸಿಕೊಂಡರು. ಮರುಗಳಿಗೆಯೇ ಹುಬ್ಬು ಗಂಟಿಕ್ಕಿತು.

"ನಾನು ಅಂದಿರಲಿಲ್ವೇ? ಡಾಕ್ಟರಿಗೂ ಸಿಗದ ಕಾರಣ ಅಂದ್ರೆ ಇನ್ನೇನು! ನೀನೇ ಕಣೇ ನನ್ನ ಮಗನ್ನ ನುಂಗಿದವಳು!"

"ಹೌದತ್ತೆ," ಎಂದಳು ವೇದಾ.

ಮಗ ಹೋದ ಮೇಲೆ ಕಾಮಾಕ್ಷಮ್ಮ ಹೊಟ್ಟೆ ತುಂಬ ಉಂಡದ್ದು ಅಂದೇ. ಎರಡನೆಯ ಸಲ ಮೊಸರನ್ನ ಕೇಳಿದರು. ವೇದಾ ಬಡಿಸಿದಳು.