ಇಬ್ಬರೂ ಗೈರು

ಕಾಲುವೆ ಒಡೆದು ಕೆಂಭಾವಿ ರಸ್ತೆಗೆ ನೀರು ನುಗ್ಗಿತ್ತು. ಭಾಗಮ್ಮನ ಬಸ್ಸು ಸುರಪುರ ಮುಟ್ಟಿದಾಗ ಮಧ್ಯಾಹ್ನವಾಗಿತ್ತು, ಖಟ್ಲೆ ಕೂಗುವ ಹೊತ್ತು ಮೀರಿತ್ತು. ಕೋರ್ಟಿನ ಗೇಟಿನೆದುರು ಚಹಾದಂಗಡಿಯಲ್ಲಿ ಕೂತಿದ್ದ ಪಂಪಣ್ಣ ಅವಳನ್ನು ಕಂಡು ಎದ್ದು ನಿಂತ. ಗೆದ್ದು ಕೂತಾನ ಅಂದುಕೊಂಡು ಅವಳು ಮುಖ ತಿರುಗಿಸಿ ಒಳಗೆ ನಡೆದಳು.

ಅವಳು ವಾದಿ, ಅವನು ಪ್ರತಿವಾದಿ. ಹೊಸ ಕಾಲುವೆಯ ನೀರು ಅವಳ ಹೊಲಕ್ಕೆ ಬರಬೇಕಾದರೆ ಅವನ ಹೊಲ ದಾಟಬೇಕು. ಅವನಪ್ಪ ಒಡ್ಡು ಹಾಕಿ ತಡೆದಿದ್ದ, ಅವಳಪ್ಪ ದಾವೆ ಹೂಡಿದ್ದ. ಹಿರಿಯರು ತೀರಿಕೊಂಡ ಮೇಲೆ ಖಟ್ಲೆ ಮಕ್ಕಳ ಪಾಲಿಗೆ ಬಂತು.

ತಾರೀಖಿನ ದಿನ ಇಬ್ಬರೂ ವರಾಂಡದ ಒಂದೊಂದು ತುದಿಗೆ ಕೂರುವರು. ಹೆಸರು ಕೂಗುವತನಕ ಅವನು ಅವಳನ್ನು ಕದ್ದು ನೋಡುವನು. ಅವಳು ತಿರುಗಿದರೆ ಗೋಡೆ ನೋಡುವನು. ಅವಳಿಗೆ ನಗು ಬರುತ್ತಿತ್ತು. ಒಮ್ಮೆಯೂ ನಕ್ಕಿರಲಿಲ್ಲ.

ಅವಳ ವಕೀಲ ಮನ್ಸೂರಅಲಿ ಶಹಾಪುರದ ಕೋರ್ಟು ಮುಗಿಸಿ ಆಗಷ್ಟೇ ಬಂದಿದ್ದರು.

“ದಾವೆ ವಜಾ ಆಗ್ಯಾದವ್ವಾ.”

ಭಾಗಮ್ಮ ಕಂಬ ಹಿಡಿದುಕೊಂಡಳು. “ಅವ್ರು ಗೆದ್ದಂಗಾತಲ್ರಿ.”

“ಇಲ್ಲ. ಕೂಗಿದಾಗ ಅವನೂ ಇದ್ದಿಲ್ಲ, ಅವನ ವಕೀಲರೂ ಇದ್ದಿಲ್ಲ. ಇಬ್ಬರೂ ಗೈರು ಅಂತ ಬರದಾರ. ಹಂಗಾಗಿ ನೀ ಹೊಸ ದಾವೆ ಹಾಕಬಹುದು. ಅವನೊಬ್ಬ ಹಾಜರಿದ್ದು ವಜಾ ಆಗಿದ್ರ ಹೊಸಾದು ಹಾಕಾಕ ಬರ್ತಿದ್ದಿಲ್ಲ. ಹಳೀದನ್ನ ತೆರಸಾಕ ಅರ್ಜಿ ಕೊಟ್ಟು ಒದ್ದಾಡಬೇಕಾಗ್ತಿತ್ತು.”

ಅವಳು ಗೇಟಿಗೆ ವಾಪಸು ಬಂದಳು. ಅವನಿನ್ನೂ ನಿಂತೇ ಇದ್ದ.

“ಮುಂಜಾನಿಯಿಂದ ಇಲ್ಲೇ ಇದ್ರೇನ್ರಿ?”

“ಹೌದ್ರಿ.”

“ಮತ್ತ ಒಳಗ ಯಾಕ ಹೋಗಲಿಲ್ಲ?”

“ನೀವು ಬಂದಿದ್ದಿಲ್ಲ. ಇವತ್ತ ನಾವು ಬರೇ ನಿಂತ್ರ ಸಾಕು, ಆಕೀದು ಮುಗೀತು ಅಂದ್ರು ನಮ್ಮ ವಕೀಲರು. ನನಗ ನಿಂದರಾಕ ಮನಸ್ಸಾಗಲಿಲ್ಲ. ನೀವೂ ನಿಂದರಬ್ಯಾಡ್ರಿ ಅಂತ ವಕೀಲರಿಗಂದೆ. ಸಿಟ್ಟಾಗಿ ಮನಿಗಿ ಹೋದ್ರು.”

ಅವಳು ಅವನನ್ನು ಮೊದಲ ಸಲ ನೆಟ್ಟಗೆ ನೋಡಿದಳು. ಈ ಸಲ ಅವನಿಗೆ ನೋಡಲು ಗೋಡೆ ಇರಲಿಲ್ಲ. ಕಿವಿಯ ತುದಿ ಕೆಂಪಾಗಿತ್ತು.

“ಅಷ್ಟು ಮನಸ್ಸಿದ್ರ ಒಡ್ಡು ಯಾಕ ಒಡೀಲಿಲ್ಲ?”

“ಒಡದ್ರ ಖಟ್ಲೆ ಮುಗೀತದ,” ಅವನು ಮೆಲ್ಲಗೆ ಅಂದ. “ಮುಗದ್ರ ನಿಮ್ಮನ್ನ ಎಲ್ಲಿ ನೋಡ್ಲಿ?”

ಅವಳಿಗೆ ಎದೆ ಝಲ್ಲೆಂದಿತು. ಹಿಂದೆಯೇ ಸಿಟ್ಟೂ ಬಂತು.

“ನೀವು ನನ್ನ ನೋಡೂ ಸಲುವಾಗಿ ನಮ್ಮ ಹತ್ತಿ ಒಣಗಬೇಕೇನ್ರಿ?”

“ತಪ್ಪಾತ್ರಿ,” ಅಂದ.

“ನೋಡಬೇಕಂದ್ರ ಮನಿ ಅದ. ಅವ್ವ ಇರ್ತಾಳ. ಮೊದಲು ನೀರು ಬರ್ಲಿ. ಆಮ್ಯಾಲ ನೀವು ಬರ್ರಿ.”

ಹೊಸ ದಾವೆಯ ಮಾತನ್ನು ಅವಳು ವಕೀಲರ ಹತ್ತಿರ ಎತ್ತಲಿಲ್ಲ.

ಕಾಲುವೆ ದುರಸ್ತಿಯಾಯಿತು. ಒಂದು ಮುಂಜಾನೆ ಪಂಪಣ್ಣನ ಹೊಲದ ಒಡೆದ ಒಡ್ಡು ದಾಟಿ ಅವಳ ಹತ್ತಿಯ ಸಾಲುಗಳಲ್ಲಿ ಕೆಂಪು ನೀರು ಹರಿಯಿತು. ಅದೇ ವಾರ ಪಂಪಣ್ಣ ತನ್ನ ಅಕ್ಕನನ್ನು ಕರೆದುಕೊಂಡು ಬಂದು, ಪಡಸಾಲೆಯ ಕಂಬಳಿಯ ಮೇಲೆ ಮೈ ಹಿಡಿಮಾಡಿಕೊಂಡು ಕೂತ.

ಅವ್ವ ಅಡುಗೆಮನೆಗೆ ಬಂದು ಮಗಳ ಮುಖ ನೋಡಿದಳು. “ಏನನ್ಲಿ?”

ಭಾಗಮ್ಮ ಚಹಾ ಸೋಸುತ್ತಿದ್ದಳು.

“ಹೂಂ ಅನ್ನು,” ಅಂದಳು. ತುಸು ತಡೆದು, “ಆದ್ರ ಲಗ್ನ ಆದಮ್ಯಾಲೂ ನೀರಿಗಿ ಅಡ್ಡ ಹಾಕಬಾರ್ದು ಅಂತ ಈಗ ಮಾತು ತಗೋ.”