ಯಾರೂ ಹೇಳದ ದೋಸೆ

ನಾನು ದೆವ್ವ ನಂಬುವವನಲ್ಲ. ನನ್ನ ಸಿಟ್ಟೆಲ್ಲ ದಂಡವಾದ ದೋಸೆಗಳ ಮೇಲೆ. ಸೂರತ್ತಿನ ಅಡಾಜಣ್‌ನ ನಮ್ಮ ಹೋಟೆಲಿನಲ್ಲಿ ಆರ್ಡರನ್ನು ಅಡುಗೆಮನೆಗೆ ಕೂಗಿ ಹೇಳುವ ಪದ್ಧತಿ. ಅದಕ್ಕೆ ಅಡ್ಡಿಯಾಗದಿರಲೆಂದು ಟಿವಿಗೆ ನೂರು ವರ್ಷ ಹಳೆಯ ಮೂಕಿ ಕಾರ್ಟೂನ್ ಹಾಕಿದ್ದೆ. ಪತ್ರಿಕೆಯ ಚಿತ್ರಕಥೆಯಿಂದ ಎದ್ದುಬಂದ ಡೊಳ್ಳುಹೊಟ್ಟೆಯವನೊಬ್ಬ ಹಸಿದು, ನಾಲ್ಕೇ ಬೆರಳಿನ ಕೈಯಿಂದ ಮೇಜು ಕುಟ್ಟುತ್ತಿದ್ದ.

ಮಧ್ಯಾಹ್ನ ಗಿರಾಕಿಗಳೇ ಇಲ್ಲದಾಗ ಅಡುಗೆಯ ಪದ್ಮನಾಭ ಭಟ್ಟರು ಮಸಾಲೆದೋಸೆ ತಂದಿಟ್ಟರು.

"ಯಾರಿಗೆ ಮಾರಾಯ್ರೇ ಇದು?"

"ಕೂಗಿದ್ರಲ್ಲ!"

ಹೀಗೇ ಇನ್ನೊಂದು ಬಂತು. ದನಿ ಟಿವಿಯ ಕಡೆಯಿಂದಲೇ ಬಂತೆಂದರು ಭಟ್ಟರು; ರೇಗಿ ಅದರ ಪ್ಲಗ್ಗನ್ನೇ ಕಿತ್ತೆ. ಬಿಸಿಯಿರಬೇಕಾದ ಪರದೆ ಮಂಜುಗಡ್ಡೆಯಂತಿತ್ತು. ಅಚ್ಚಾದ ಪತ್ರಿಕೆಯಂಥ ಹಸಿ ಮಸಿಯ ವಾಸನೆ ಬೇರೆ.

"ಮತ್ತೊಂದು ಮಸಾಲೆ ಅಂತಿದ್ದಾರೆ," ಭಟ್ಟರು ಒಳಗಿಂದ ಹೇಳಿದರು.

"ನಿಮ್ಮ ಕಿವಿ ಡಾಕ್ಟರಿಗೆ ತೋರಿಸಿ!" ಎಂದು ಕೂಗಾಡುತ್ತ ತಟ್ಟೆಗಳನ್ನು ಎತ್ತಲು ಹೋದೆ.

ಎರಡೂ ಖಾಲಿಯಾಗಿದ್ದವು. ಅಂಚಿನಲ್ಲಿ ಇನ್ನೂ ಆರದ ಮಸಿಯ ಅಚ್ಚು: ಒಂದು ಹೆಬ್ಬೆರಳು, ಮೂರೇ ಬೆರಳು.