ಬದಲಿ ಅಡಿಗೆಯವ

2025ರ ಸೆಪ್ಟೆಂಬರ್ 9, ಮಂಗಳವಾರ. ಬೆಳಿಗ್ಗೆ 10.20ಕ್ಕೆ ಲಕ್ಕಲಕಟ್ಟಿಯ ರೂಪಾ ಗಜೇಂದ್ರಗಡ ಠಾಣೆಗೆ ಬಂದಳು. ಆಕೆಯ ಗಂಡ ಕಳಕೇಶ ಪೇಟೆಯ ಖಾನಾವಳಿಯೊಂದರಲ್ಲಿ ಅಡಿಗೆ ಮಾಡುತ್ತಿದ್ದವನು. ಬಸ್ ನಿಲ್ದಾಣದ ಹತ್ತಿರ ಪಾಸ್‌ಪೋರ್ಟ್, ಟಿಕೆಟ್ ಕಚೇರಿ ಇಟ್ಟಿರುವ ಪ್ರಾಣೇಶ ಮೇ ತಿಂಗಳಲ್ಲಿ ಅವನನ್ನು ತೈಲದ ಹಡಗಿಗೆ ಅಡಿಗೆಯವನಾಗಿ ಕಳುಹಿಸಿದ್ದ. ಈಗ ಆ ಹಡಗು ಪರದೇಶದ ಬಂದರಿನ ಹೊರಗೆ ಲಂಗರು ಹಾಕಿ ಎರಡೂವರೆ ತಿಂಗಳಾಗಿತ್ತು. ಪಗಾರವಿಲ್ಲ. ಇಳಿಯಲು ಬಿಡುತ್ತಿಲ್ಲ. ಕುಡಿಯುವ ನೀರನ್ನೂ ಅಳೆದು ಕೊಡುತ್ತಿದ್ದಾರೆ.

“ಪ್ರಾಣೇಶಗ ಎಷ್ಟ ಕೊಟ್ಟಿದ್ರವಾ?” ಎಂದು ಪಿಎಸ್ಐ ರಾಜರತ್ನ ಕೇಳಿದರು.

“ಏನೂ ಇಸಗೊಂಡಿಲ್ರಿ. ಟಿಕೀಟ ಸುದ್ದಾ ತಾವ ತಗಸಿದ್ರು. ಅಂಥವರ ಮ್ಯಾಲ ದೂರ ಕೊಡಾಕ ನಾಚ್ಕಿ ಆಗ್ತೈತ್ರಿ.”

“ರೊಕ್ಕ ಮುಟ್ಟದ ಏಜೆಂಟನ ನಾ ನೋಡೇ ಇಲ್ರಿ ಸರ್,” ಎಂದಳು ಹೆಡ್ ಕಾನ್‌ಸ್ಟೆಬಲ್ ಖಾಜಾಬಿ.

ರಾಜರತ್ನರ ತಲೆಯಲ್ಲೂ ಅದೇ ಕೊರೆಯುತ್ತಿತ್ತು. 11.30ಕ್ಕೆ ವಂಚನೆಯ ಕಲಮಿನಡಿ ಎಫ್ಐಆರ್ ದಾಖಲಾಯಿತು.

ರೂಪಾ ತಂದಿದ್ದ ಕರಾರು ಪತ್ರದಲ್ಲಿದ್ದ ಹಡಗಿನ ಹೆಸರೇ ಬೇರೆ, ಕಳಕೇಶ ಕಳಿಸಿದ ಫೋಟೋದಲ್ಲಿದ್ದ ಹೆಸರೇ ಬೇರೆ. ನೋಂದಣಿ ಸಂಖ್ಯೆ ಮಾತ್ರ ಒಂದೇ. ಖಾಜಾಬಿ ಆ ಸಂಖ್ಯೆ ಹಿಡಿದು ಹುಡುಕಿದಾಗ, ಹಡಗು ಏಪ್ರಿಲ್‌ನಿಂದಲೇ ನಿರ್ಬಂಧದ ಪಟ್ಟಿಯಲ್ಲಿರುವುದು ತಿಳಿಯಿತು.

“ನಿರ್ಬಂಧ ಅಂದ್ರ ಏನ್ರಿ?” ರೂಪಾ ಕೇಳಿದಳು.

“ಒಂದ ಸರಕಾರಕ್ಕ ಇನ್ನೊಂದ ದೇಶದ ಮ್ಯಾಲ ಸಿಟ್ಟು,” ಎಂದರು ರಾಜರತ್ನ. “ ಯುದ್ಧ ಮಾಡೂದಿಲ್ಲ. ಆ ದೇಶದ ಎಣ್ಣಿ ಯಾರೂ ಕೊಳ್ಳಬಾರ್ದು, ಸಾಗಸಬಾರ್ದು ಅಂತ ಹುಕುಂ ಹೊರಡಸ್ತೈತಿ. ಕದ್ದು ಸಾಗಸೋ ಹಡಗಿನ ಹೆಸರ ಪಟ್ಟಿಗೆ ಹಚ್ಚತೈತಿ. ಆಮ್ಯಾಲ ಬಂದರದಾಗ ಬಿಡೂದಿಲ್ಲ, ವಿಮಾ ಇಲ್ಲ, ಬ್ಯಾಂಕ್ ಪಗಾರ ದಾಟಸೂದಿಲ್ಲ. ಮಾಲಕ ಫೋನ್ ಬಂದ್ ಮಾಡಿ ಕುಂದರ್ತಾನ.”

“ನಮ್ಮವ್ರು ಯಾರ ಎಣ್ಣೀನೂ ಕದ್ದಿಲ್ರಿ. ಅನ್ನ ಮಾಡ್ಯಾರ.”



ಮಧ್ಯಾಹ್ನ 3.10ಕ್ಕೆ ಇಬ್ಬರು ಪಂಚರ ಸಮಕ್ಷಮ ಪ್ರಾಣೇಶನ ಕಚೇರಿಯಲ್ಲಿ ಪಂಚನಾಮೆ ನಡೆಯಿತು. ಕಂಪ್ಯೂಟರಿನಲ್ಲಿ ಕಳಕೇಶನ ಹೆಸರಿನ ನಕಲಿ ತರಬೇತಿ ಪ್ರಮಾಣಪತ್ರ ಸಿಕ್ಕಿತು. ಜೊತೆಗೆ ಹಡಗಿನ ವ್ಯವಸ್ಥಾಪಕ ಏಪ್ರಿಲ್ 28ರಂದು ಬರೆದ ಮೇಲ್. ‘ಹಡಗು ಪಟ್ಟಿಗೆ ಸೇರಿದೆ. ಬದಲಿ ಅಡಿಗೆಯವ ಬರುವ ತನಕ ಅಮೇಯನನ್ನು ಇಳಿಸಲಾಗದು.’

“ಅಮೇಯ ಯಾರು?”

ಪ್ರಾಣೇಶ ಗೋಡೆ ನೋಡುತ್ತ ನಿಂತ. “ನನ್ನ ಮಗಾರಿ.”

“ಎಲ್ಲಿದ್ದಾನ?”

“ಮನ್ಯಾಗ ಇದ್ದಾನ್ರಿ.”

ಕಚೇರಿಗೆ ಬೀಗ ಮುದ್ರೆ ಹಾಕಲಾಯಿತು. ಊರು ಬಿಡಬಾರದೆಂದು ಪ್ರಾಣೇಶನಿಗೆ ನೋಟಿಸು ಕೊಟ್ಟರು. ನಕಲಿ ದಾಖಲೆಯ ಕಲಮೂ ಸೇರಿತು.

ಮರುದಿನ ಬೆಳಿಗ್ಗೆ 9ಕ್ಕೆ ಅಮೇಯ ಕರೆಯುವ ಮೊದಲೇ ಠಾಣೆಗೆ ಬಂದ. ಹೋಟೆಲ್ ಮ್ಯಾನೇಜ್‌ಮೆಂಟ್ ಓದಿದವನು, ಇಪ್ಪತ್ತಾರರ ವಯಸ್ಸು. ಹಡಗಿನಿಂದ ಬಂದ ಮೇಲೆ ಮನೆಯಿಂದ ಹೊರಬಿದ್ದಿರಲಿಲ್ಲ.

“ಕಳಕೇಶ ನಿನ್ನ ಬದಲಿಗೆ ಬಂದದ್ದು ಗೊತ್ತಿತ್ತೇನು?”

“ಗೊತ್ತಿತ್ರಿ. ಸಮುದ್ರದಾಗನ ದೋಣಿ ಬಂತು. ಅವ ಏಣಿ ಹತ್ತಿ ಮ್ಯಾಲ ಬಂದ. ನಾ ಚೀಲ ಹಿಡಕೊಂಡು ನಿಂತಿದ್ದೆ.”

“ಮಾತಾಡಿದ್ರೇನು?”

“ನಮ್ಮೂರ ಕಡೀಂವ ಅಂತ ಗೊತ್ತಾಗಿ ಅವಗ ಭಾಳ ಖುಷಿ ಆತ್ರಿ. ‘ಹಡಗ ಚಲೋ ಐತೇನ್ರಿ?’ ಅಂದ.”

“ನೀ ಏನಂದಿ?”

ಅಮೇಯನ ಕಿವಿಗಳು ಕೆಂಪಾದವು. “ಚಲೋ ಅದ ಅಂದೆ. ಅಂದು ಲಗೂ ಲಗೂ ಇಳದೆ.”

ಖಾಜಾಬಿ ಅದನ್ನೂ ಬರೆದುಕೊಂಡಳು. ಹೇಳಿಕೆಗೆ ಅಮೇಯ ಓದದೆಯೇ ಸಹಿ ಹಾಕಿದ.

ಮಧ್ಯಾಹ್ನ 12.15ಕ್ಕೆ ಪ್ರಾಣೇಶನನ್ನು ಮನೆಯಲ್ಲಿ ಬಂಧಿಸಲಾಯಿತು. ಅವನ ತಾಯಿ ಸರಸ್ವತಿಬಾಯಿ ಬಾಗಿಲಿಗೆ ಬಂದು, ಮಗನನ್ನೂ ಜೀಪನ್ನೂ ನೋಡಿ ಒಳಗೆ ಹೋದರು.

“ಅದ ಹಡಗಿನ್ಯಾಗ ಒಬ್ಬಂವ ಹಾರಕೊಂಡು ಸತ್ತಿದ್ದ ಸರ್,” ಎಂದ ಪ್ರಾಣೇಶ. “ ಅಮೇಯ ದಿನಾ ಫೋನಿನ್ಯಾಗ ಅಳತಿದ್ದ. ಬದಲಿಗೆ ಹೋಗ್ರಿ ಅಂತ ಯಾರನ್ನ ಕೇಳಿದ್ರೂ ಪಟ್ಟಿ ನೋಡಿ ಒಲ್ಲೆ ಅಂದ್ರು.”

“ಕಳಕೇಶಗ ಪಟ್ಟಿ ತೋರಿಸಿದ್ಯೇನು?”

ಪ್ರಾಣೇಶ ಜೀಪು ಹತ್ತಿದ.

ಅಂದು ಸಂಜೆಯೇ ರಾಜರತ್ನ ಗದಗಿನ ಮೇಲಧಿಕಾರಿಗಳ ಮೂಲಕ ರಾಯಭಾರ ಕಚೇರಿಗೆ ವರದಿ ಕಳಿಸಿದರು. ವಾರದ ನಂತರ ಹಡಗಿಗೆ ನೀರು, ಅಕ್ಕಿ ಮುಟ್ಟಿತು. ಕಳಕೇಶನನ್ನು ಇಳಿಸುವ ಬಗ್ಗೆ ಪತ್ರ ವ್ಯವಹಾರ ನಡೆದಿದೆ ಎಂದಷ್ಟೇ ಉತ್ತರ ಬಂತು. ಅದನ್ನು ರೂಪಾಳಿಗೆ ಓದಿ ಹೇಳುವಾಗ ರಾಜರತ್ನರಿಗೆ ಆಕೆಯ ಮುಖ ನೋಡಲಾಗಲಿಲ್ಲ.

ಕೇಸ್ ಡೈರಿಯಲ್ಲಿ ಅಪರಾಧದ ಉದ್ದೇಶ ಎಂಬಲ್ಲಿ ಅವರು ಬರೆದರು: ‘ಹಣದಾಸೆ ಕಂಡುಬಂದಿಲ್ಲ. ಆರೋಪಿಗೆ ತನ್ನ ಮಗನನ್ನು ದಡಕ್ಕೆ ತರಬೇಕಿತ್ತು. ಪ್ರಶ್ನೆ ಕೇಳಲು ಬಾರದವನೊಬ್ಬನನ್ನು ಅದಕ್ಕಾಗಿ ಆರಿಸಿಕೊಂಡಿದ್ದಾನೆ.’